ಅಡಗೂರಿನ ಬಿರುಕು

ಹೊಯ್ಸಳರ ಕಾಲದಲ್ಲಿ ಅಡಗೂರಿನ ಬಳಿ ಭೂಮಿ ಬಾಯ್ಬಿಟ್ಟಿತಂತೆ. ಬಿರುಕು ಒಂದು ಹೊಲಕ್ಕೋ ಒಂದು ಕೇರಿಗೋ ನಿಲ್ಲದೆ ಸುತ್ತಲಿನ ನಾಡನ್ನೇ ನುಂಗುತ್ತಾ ಹೋಯಿತಂತೆ. ಹಳೇಬೀಡಿಗೆ ಹತ್ತಿರದ ಈ ಊರಿನ ಕಥೆಯನ್ನು ಹೇಳುವುದು ಶ್ರವಣಬೆಳಗೊಳದ ಸ್ಥಳಪುರಾಣ. ಅದು ಕೊಡುವ ಕಾರಣವೂ ಸ್ಪಷ್ಟ: ಹೊಯ್ಸಳ ಅರಸ ಬಿಟ್ಟಿದೇವ ಜೈನಧರ್ಮ ಬಿಟ್ಟು ವೈಷ್ಣವನಾದ, ವಿಷ್ಣುವರ್ಧನ ಎನ್ನಿಸಿಕೊಂಡ, ನೂರಾರು ಬಸದಿಗಳನ್ನು ಕೆಡವಿಸಿದ, ಬೆಳಗೊಳದ ದತ್ತಿಗಳನ್ನು ಕಿತ್ತುಕೊಂಡ. ಆ ಅನ್ಯಾಯವನ್ನು ನೆಲ ತಾಳಲಿಲ್ಲ.

ಬೇರೆ ದಾರಿ ಕಾಣದ ಅರಸ ಕೊನೆಗೆ ಬೆಳಗೊಳದ ಶುಭಚಂದ್ರಾಚಾರ್ಯರ ಮೊರೆಹೋದ. ಅವರು 108 ಬೂದುಗುಂಬಳಕಾಯಿಗಳನ್ನು ಮಂತ್ರಿಸಿ, ದಿನಕ್ಕೊಂದರಂತೆ ಬಿರುಕಿಗೆ ಹಾಕಿಸಿದರು. ನೆಲ ಮೆಲ್ಲಗೆ ಕೂಡಿಕೊಂಡಿತು. ಆದದ್ದಕ್ಕೆ ಸಾಕ್ಷಿಯಾಗಿ ಒಂದಿಷ್ಟು ಜಾಗ ಮಾತ್ರ ಹಾಗೇ ಉಳಿಯಿತು.

ಈ ಕಥೆಯಲ್ಲಿ ನನಗೆ ಅತ್ಯಂತ ಇಷ್ಟವಾದದ್ದು ಆ ಕುಂಬಳಕಾಯಿ. ಬಾಯ್ಬಿಟ್ಟ ನೆಲ ಲೋಕದ ಕಥೆಗಳಲ್ಲೆಲ್ಲ ಕೇಳುವುದು ಜೀವವನ್ನು. ರೋಮ್ ನಗರದ ಚೌಕದಲ್ಲಿ ಕ್ರಿ.ಪೂ. 362ರಲ್ಲಿ ಇಂಥದೇ ಕಂದಕ ತೆರೆದುಕೊಂಡಾಗ ಮಾರ್ಕಸ್ ಕರ್ಟಿಯಸ್ ಎಂಬ ತರುಣ ಕುದುರೆ ಸಮೇತ ಹಾರಿ ಪ್ರಾಣ ಕೊಟ್ಟನೆಂದು ಲಿವಿ ಬರೆದಿದ್ದಾನೆ. ನಮ್ಮ ಕೆರೆಗೆ ಹಾರದ ಹಾಡಿನಲ್ಲೂ ನೀರು ಬರಲು ಕಿರಿಸೊಸೆ ಭಾಗೀರಥಿ ಹೋಗಬೇಕಾಯಿತು. ಅಡಗೂರಿನಲ್ಲಿ ಮಾತ್ರ ಯಾರ ಕೊರಳಿಗೂ ಕತ್ತಿ ಬೀಳಲಿಲ್ಲ. ಹಿಟ್ಟಿನ ಕೋಳಿಯನ್ನು ಬಲಿ ಕೊಟ್ಟರೂ ಜನ್ಮಜನ್ಮಕ್ಕೆ ಪಾಪ ಬಿಡದು ಎಂಬ ಕಥೆಯನ್ನು ಜನ್ನ 1209ರಲ್ಲಿ ‘ಯಶೋಧರ ಚರಿತೆ’ಯಾಗಿ ಬರೆದದ್ದು ಹೊಯ್ಸಳ ವೀರಬಲ್ಲಾಳನ ಕಾಲದಲ್ಲೇ. ಅಂಥ ಜೈನಧರ್ಮದವರು ಹೇಳಿದ ಕಥೆಯಲ್ಲಿ ಹಸಿದ ಭೂಮಿ ಕೂಡ ಕುಂಬಳಕಾಯಿಗೇ ತೃಪ್ತಿಪಡುತ್ತದೆ.

ಇಂಥ ಬಿರುಕುಗಳಲ್ಲಿ ಕೆಲವು ನಿಜಕ್ಕೂ ಪ್ರಾಣ ತೆಗೆಯುತ್ತವೆ. ಟರ್ಕಿಯ ಹಿಯೆರಾಪೊಲಿಸ್‌ನಲ್ಲಿ ಪಾತಾಳದ ಬಾಗಿಲು ಎಂದು ಜನ ನಂಬಿದ್ದ ಒಂದು ಗವಿ ಇದೆ. ಒಳಗೆ ಹೋದ ಹೋರಿ ಸಾಯುತ್ತಿತ್ತು, ಪೂಜಾರಿ ಬದುಕಿ ಬರುತ್ತಿದ್ದ. ಭೂಮಿಯ ಸೀಳಿನಿಂದ ಹೊಮ್ಮುವ ಇಂಗಾಲದ ಡೈ ಆಕ್ಸೈಡ್ ಗಾಳಿಗಿಂತ ಭಾರವಾದ್ದರಿಂದ ನೆಲಮಟ್ಟದಲ್ಲೇ ತುಂಬಿಕೊಳ್ಳುತ್ತದೆ. ಮೂತಿ ತಗ್ಗಿಸಿದ ಪ್ರಾಣಿಗೆ ಮೊದಲು ಉಸಿರು ಕಟ್ಟುತ್ತದೆ. ಅಲ್ಲಿಯ ರಹಸ್ಯ ಬಿಡಿಸಿದ್ದು ಗಾಳಿಯ ಅಳತೆ. ಅಡಗೂರಿನದನ್ನು ಬಿಡಿಸಲು ಬಸ್ತಿಹಳ್ಳಿಗೆ ಹೋಗಬೇಕು.

ಹಳೇಬೀಡಿನ ಹೊಯ್ಸಳೇಶ್ವರ ಗುಡಿಗೆ ಬಂದವರಲ್ಲಿ ಹೆಚ್ಚಿನವರು ಅಲ್ಲಿಂದಲೇ ಬಸ್ಸು ಹತ್ತಿಬಿಡುತ್ತಾರೆ. ನಡೆದು ಹೋಗುವಷ್ಟು ಹತ್ತಿರದ ಬಸ್ತಿಹಳ್ಳಿಯಲ್ಲಿ ಪಾರ್ಶ್ವನಾಥ, ಆದಿನಾಥ, ಶಾಂತಿನಾಥರ ಮೂರು ಬಸದಿಗಳು ಒಂದೇ ಆವರಣದಲ್ಲಿವೆ. ಪಾರ್ಶ್ವನಾಥ ಬಸದಿಯ ನವರಂಗದಲ್ಲಿ ಕಡೆದು ನುಣುಪು ಮಾಡಿದ ಹನ್ನೆರಡು ಕರಿಗಲ್ಲಿನ ಕಂಬಗಳು. ಒಂದರ ಮುಂದೆ ನಿಂತು ಕೈಯೆತ್ತಿ ನೋಡಿ: ಉಬ್ಬಿದ ಬಳೆಯಲ್ಲಿ ಕೈ ನೆಟ್ಟಗೆ ಕಾಣುತ್ತದೆ, ಅದರ ಕೆಳಗಿನ ತಗ್ಗಿನಲ್ಲಿ ತಲೆಕೆಳಗಾಗುತ್ತದೆ, ಮತ್ತೊಂದು ಬಳೆಯಲ್ಲಿ ಮತ್ತೆ ನೆಟ್ಟಗೆ. ಒಂಬತ್ತು ಶತಮಾನಗಳ ನಂತರವೂ ಆ ಹೊಳಪು ಮಾಸಿಲ್ಲ. ಗರ್ಭಗುಡಿಯಲ್ಲಿ ಆಳೆತ್ತರವನ್ನು ಮೀರಿದ ಪಾರ್ಶ್ವನಾಥ, ನೆತ್ತಿಯ ಮೇಲೆ ಏಳು ಹೆಡೆ.

ಈ ಬಸದಿಯನ್ನು ಕಟ್ಟಿಸಿದವನು ಬೊಪ್ಪದೇವ. ವಿಷ್ಣುವರ್ಧನನ ದಂಡನಾಯಕ ಗಂಗರಾಜನ ಮಗ. ವರ್ಷ 1133. ಬೇಲೂರಿನಲ್ಲಿ ಚೆನ್ನಕೇಶವನ ಪ್ರತಿಷ್ಠೆಯಾಗಿ ಆಗಲೇ ಹದಿನಾರು ವರ್ಷ ಕಳೆದಿತ್ತು. ಪುರಾಣದ ಲೆಕ್ಕದಲ್ಲಿ ಅರಸ ಬಸದಿಗಳನ್ನು ಉರುಳಿಸುತ್ತಿರಬೇಕಾದ ಕಾಲವದು. ಇಲ್ಲಿಯ ಶಾಸನ ಹೇಳುವುದೇ ಬೇರೆ. ಪ್ರತಿಷ್ಠೆ ಮುಗಿಸಿದ ಪುರೋಹಿತರು ಗಂಧೋದಕ, ಶೇಷೆಗಳನ್ನು ಹಿಡಿದು ಅರಸನಿದ್ದ ಬಂಕಾಪುರಕ್ಕೆ ಹೋದರು. ಅವನು ಆಗಷ್ಟೇ ಮಸಣನೆಂಬ ವೈರಿಯನ್ನು ಗೆದ್ದಿದ್ದ. ರಾಣಿ ಲಕ್ಷ್ಮೀದೇವಿಗೆ ಗಂಡುಮಗು ಹುಟ್ಟಿತ್ತು. ಅರಸ ಎದ್ದು ಕೈಮುಗಿದು ಗಂಧೋದಕವನ್ನು ತಲೆಗೆ ಹಚ್ಚಿಕೊಂಡ. ಈ ದೇವರ ಪ್ರತಿಷ್ಠೆಯ ಪುಣ್ಯದಿಂದಲೇ ಗೆಲುವೂ ಮಗನೂ ದೊರೆತವೆಂದು ದೇವರಿಗೆ ವಿಜಯಪಾರ್ಶ್ವ ಎಂದೂ ಮಗುವಿಗೆ ವಿಜಯನರಸಿಂಹ ಎಂದೂ ಹೆಸರಿಟ್ಟ. ಪೂಜೆಗೆಂದು ಜಾವಗಲ್ಲನ್ನು ದತ್ತಿ ಕೊಟ್ಟ.

ಜಾವಗಲ್ಲು ನಾನು ಹುಟ್ಟಿ ಬೆಳೆದ ಊರು, ಅರಸೀಕೆರೆ ತಾಲ್ಲೂಕಿನದು. ನಮ್ಮ ಹೊಲಗಳ ಫಸಲಿನಿಂದ ಒಂದು ಕಾಲಕ್ಕೆ ಈ ಬಸದಿಯ ದೀಪ ಉರಿಯುತ್ತಿತ್ತು ಎಂದು ತಿಳಿದವಳಿಗೆ, ದತ್ತಿ ಕೊಟ್ಟವನನ್ನೇ ದತ್ತಿ ಕಿತ್ತವನೆಂದು ಕರೆಯುವುದನ್ನು ಕೇಳಿ ಸುಮ್ಮನಿರಲು ಆಗುವುದಿಲ್ಲ. ಅವನ ಪಟ್ಟದರಸಿ ಶಾಂತಲೆ ಕೊನೆಯವರೆಗೂ ಜೈನಳಾಗಿಯೇ ಇದ್ದಳು. 1123ರಲ್ಲಿ ಅವಳು ಬೆಳಗೊಳದಲ್ಲಿ ಸವತಿಗಂಧವಾರಣ ಬಸದಿ ಕಟ್ಟಿಸಿದಳು. ಗಂಗರಾಜನ ಗುರುಗಳಾಗಿದ್ದ ಶುಭಚಂದ್ರರು ಬೆಳಗೊಳದಲ್ಲಿ ದೇಹ ಬಿಟ್ಟದ್ದೂ ಅದೇ ವರ್ಷ. ಕುಂಬಳಕಾಯಿ ಮಂತ್ರಿಸಿದವರು ಅವರೇ ಆಗಿದ್ದರೆ, ಅವರು ತೀರಿಕೊಂಡ ಹತ್ತು ವರ್ಷಕ್ಕೆ ಅರಸ ಈ ಗಂಧೋದಕವನ್ನು ತಲೆಗೆ ಹಚ್ಚಿಕೊಂಡಿದ್ದಾನೆ.

ಹಾಗೆಂದು ಬಿರುಕಿನ ಕಥೆ ಕಟ್ಟಿದವರನ್ನು ಸುಳ್ಳುಗಾರರೆನ್ನಲು ನನಗೆ ಮನಸ್ಸಿಲ್ಲ. ಅವರ ಭಯಕ್ಕೆ ಆಧಾರವಿತ್ತು, ಕಾಲ ಮಾತ್ರ ಬೇರೆ. 1311ರಲ್ಲಿ ಮಲಿಕ್ ಕಾಫರನ ಸೈನ್ಯ ಇಂದಿನ ಹಳೇಬೀಡಾದ ದೋರಸಮುದ್ರಕ್ಕೆ ನುಗ್ಗಿತು; ಮುಂದೆ ರಾಜಧಾನಿಯೇ ಹಾಳು ಬಿತ್ತು. 1368ರ ಹೊತ್ತಿಗೆ ವೈಷ್ಣವರಿಂದ ತಮಗೆ ಅನ್ಯಾಯವಾಗುತ್ತಿದೆ ಎಂದು ಜೈನರು ವಿಜಯನಗರದ ಬುಕ್ಕರಾಯನವರೆಗೆ ದೂರು ಒಯ್ದರು. ಅವನು ಜೈನರ ಕೈಯನ್ನು ವೈಷ್ಣವರ ಕೈಗೆ ಕೊಟ್ಟು ರಾಜಿ ಮಾಡಿಸಿದ್ದನ್ನು ಬೆಳಗೊಳದ ಕಲ್ಲು ಇಂದಿಗೂ ಹೇಳುತ್ತದೆ. ಒಂದೊಂದಾಗಿ ಬಸದಿ, ದತ್ತಿ, ಆಶ್ರಯ ಕಳೆದುಕೊಂಡವರಿಗೆ ಕಾಲ ಕೆಳಗಿನ ನೆಲವೇ ಸೀಳಿತು ಅನ್ನಿಸಿದ್ದರೆ ಅದರಲ್ಲಿ ಅತಿಶಯವೇನಿದೆ? ಆ ನೋವಿಗೆ ಒಬ್ಬ ಅಪರಾಧಿ ಬೇಕಾಗಿತ್ತು. ಮತ ಬದಲಿಸಿದ ಅರಸ ಹಿಂದಿನ ಕಾಲದಲ್ಲಿ ಸಿದ್ಧವಾಗಿ ಸಿಕ್ಕಿದ ಎಂದು ನಾನು ತಿಳಿದಿದ್ದೇನೆ.

ಬಸ್ತಿಹಳ್ಳಿಗೆ ಮಕ್ಕಳನ್ನು ಕರೆತರುವ ಮೇಷ್ಟ್ರುಗಳು ಅಡಗೂರಿನ ಕಥೆಯನ್ನು ಕುಂಬಳಕಾಯಿ ಸಮೇತ ಹೇಳಲಿ. ಜೊತೆಗೆ ಬೊಪ್ಪದೇವನ ಶಾಸನದ ಸಂಗತಿಯನ್ನೂ ಹೇಳಲಿ, ಪಕ್ಕದ ಶಾಂತಿನಾಥ ಬಸದಿಯನ್ನೂ ತೋರಿಸಲಿ. ಅದು ಎದ್ದದ್ದು 1192ರಲ್ಲಿ, ಬಂಕಾಪುರದಲ್ಲಿ ಹೆಸರು ಪಡೆದ ಆ ನರಸಿಂಹನ ಮಗ ವೀರಬಲ್ಲಾಳನ ಆಳ್ವಿಕೆಯಲ್ಲಿ.