ಒಡೆದ ರತ್ನ

ಜಪಾನೀ ಭಾಷೆಯಲ್ಲಿ 'ಗ್ಯೊಕುಸಾಯ್' ಎಂಬ ಪದವೊಂದುಂಟು. ರತ್ನದಂತೆ ಒಡೆದು ಚೂರಾಗುವುದು ಎಂದು ಅದರ ಅರ್ಥ. ಹೆಂಚಾಗಿ ಇಡಿಯಾಗಿ ಉಳಿಯುವುದಕ್ಕಿಂತ ರತ್ನವಾಗಿ ಒಡೆಯುವುದು ಲೇಸೆಂಬ ಹಳೆಯ ಚೀನೀ ಮಾತು ಅದರ ಮೂಲ.

ಎರಡನೆಯ ಮಹಾಯುದ್ಧದಲ್ಲಿ ಜಪಾನಿನ ಸೇನಾಡಳಿತವು ತನ್ನ ಸೋಲಿಗೆ ಈ ಪದವನ್ನು ಹೊದಿಸಿತು. ಸೆರೆಯಾಗುವುದು ಮಹಾ ಅಪಮಾನವೆಂದು 1941ರ ಸೈನಿಕ ಸಂಹಿತೆ ಬೋಧಿಸಿತ್ತು. ಆದುದರಿಂದ ಮದ್ದುಗುಂಡು ಮುಗಿದು ನೆರವಿನ ಆಸೆ ಬತ್ತಿದಾಗ ಯೋಧನಿಗೆ ಉಳಿಯುತ್ತಿದ್ದ ದಾರಿ ಒಂದೇ: 'ಹತ್ತು ಸಾವಿರ ವರ್ಷ' ಎಂಬ ಅರ್ಥದ 'ಬಾನ್ಜಾಯ್' ಘೋಷದಿಂದ ಚಕ್ರವರ್ತಿಗೆ ಜಯಕಾರ ಮಾಡುತ್ತ, ಶತ್ರುವಿನ ಮೆಷಿನ್ ಗನ್ನುಗಳತ್ತ ಗುಂಪಾಗಿ ನುಗ್ಗುವುದು.

1943ರ ಮೇ 29ರಂದು ಅಲಾಸ್ಕದ ಪಶ್ಚಿಮಕ್ಕಿರುವ ಅಟ್ಟು ದ್ವೀಪದಲ್ಲಿ ಕರ್ನಲ್ ಯಮಾಸಾಕಿ ಹೀಗೆ ನುಗ್ಗಿ ಮಡಿದನು. ಎರಡು ಸಾವಿರಕ್ಕೂ ಮಿಕ್ಕಿದ ಆ ಪಡೆಯಲ್ಲಿ ಸೆರೆಸಿಕ್ಕಿ ಬದುಕಿದವರು 30ಕ್ಕಿಂತ ಕಡಿಮೆ. 1944ರ ಜುಲೈ 7ರ ಮುಂಜಾವದಲ್ಲಿ ಪೆಸಿಫಿಕ್ ಸಾಗರದ ಸೈಪಾನ್ ದ್ವೀಪದಲ್ಲಿ ಸಾವಿರಾರು ಜನ ನುಗ್ಗಿದರು. ಊರುಗೋಲು ಹಿಡಿದ ಗಾಯಾಳುಗಳೂ ಅವರೊಳಗಿದ್ದರು. ಅಮೆರಿಕದ ಸೈನಿಕರೂ ನೂರಾರು ಮಂದಿ ಹತರಾದರು. ಆದರೂ ಎರಡೇ ದಿನಗಳಲ್ಲಿ ದ್ವೀಪ ಜಪಾನಿನ ಕೈತಪ್ಪಿತು.

1945ರಲ್ಲಿ ಇವೋಜಿಮಾದ ಸೇನಾಪತಿ ಕುರಿಬಾಯಾಶಿ ಇಂಥ ದಾಳಿಗಳನ್ನು ನಿಷೇಧಿಸಿದನು. ಅವುಗಳಿಂದ ಸೈನಿಕರು ಸಾಯುವರಲ್ಲದೆ ಯುದ್ಧ ಗೆಲ್ಲದೆಂದು ಅವನು ಬಲ್ಲನು. ಶರಣಾಗತಿಯನ್ನಾದರೋ ಅವನೂ ಒಪ್ಪಲಿಲ್ಲ.

ಆ ಯೋಧರ ಧೈರ್ಯ ಸುಳ್ಳಲ್ಲ. ಆದರೆ ಅವರಿಗೆ ಬದುಕುವ ಬಾಗಿಲನ್ನು ಮುಚ್ಚಿದವರೇ ಅವರ ಸಾವಿಗೆ ರತ್ನವೆಂಬ ಹೆಸರಿಟ್ಟರು.