ಎಡಿಟಿಂಗ್ ಕುಂಟಿದರೆ ಹೊಸ ಕಂಪ್ಯೂಟರ್ ಬೇಕೆ?

ಕಾಲೇಜಿನ ಕಿರುಚಿತ್ರ ಸ್ಪರ್ಧೆ ಹತ್ತಿರ ಬಂತೆಂದರೆ ಅನೇಕ ಮನೆಗಳಲ್ಲಿ ಏಳುವ ಬೇಡಿಕೆ ಒಂದೇ: 'ಈ ಕಂಪ್ಯೂಟರಿನಲ್ಲಿ ಎಡಿಟಿಂಗ್ ಆಗುವುದಿಲ್ಲ, ಹೊಸದು ಕೊಡಿಸಿ.' ಮಕ್ಕಳ ದೂರು ಸುಳ್ಳಲ್ಲ. ಮೊಬೈಲಿನಲ್ಲಿ ತೆಗೆದ ಹೈ-ಡೆಫಿನಿಷನ್ ದೃಶ್ಯ ಎಡಿಟಿಂಗ್ ತಂತ್ರಾಂಶದೊಳಗೆ ಬಂದೊಡನೆ ಕುಂಟುತ್ತದೆ. ಆದರೂ ಪೋಷಕರು ಹಣ ಎಣಿಸುವ ಮುನ್ನ ಆ ಫೈಲು ಯಾವ ಜಾತಿಯದೆಂದು ವಿಚಾರಿಸುವುದು ಒಳ್ಳೆಯದು.

ಮೊಬೈಲುಗಳು ಸಾಮಾನ್ಯವಾಗಿ ಬಳಸುವುದು 2003ರಲ್ಲಿ ಬಂದ ಎಚ್.264 ಅಥವಾ ಅದರ ತಮ್ಮನಾದ, 2013ರ ಎಚ್‌ಇವಿಸಿ ವಿಧಾನವನ್ನು. ಜಾಗ ಉಳಿಸುವುದರಲ್ಲಿ ಇವು ಮಹಾ ಜಿಪುಣ. ಕಿರಾಣಿ ಅಂಗಡಿಯ ಉದ್ದರಿ ಪುಸ್ತಕವನ್ನು ನೆನೆಯಿರಿ. ತಿಂಗಳ ಮೊದಲಿಗೆ ಒಟ್ಟು ಬಾಕಿ, ಆಮೇಲೆ ದಿನದಿನದ ಹೆಚ್ಚು-ಕಡಿಮೆ ಅಷ್ಟೆ. 17ನೇ ತಾರೀಖಿನ ಬಾಕಿ ಎಷ್ಟೆಂದು ಕೇಳಿದರೆ ಶೆಟ್ಟರು ಒಂದನೇ ತಾರೀಖಿನಿಂದ ಕೂಡಿಸುತ್ತ ಬರಬೇಕು. ಇಲ್ಲಿಯೂ ಹಾಗೆಯೇ: ಒಂದು ಫ್ರೇಮು ಪೂರ್ತಿ, ಮುಂದಿನ ಹಲವು ಫ್ರೇಮುಗಳಲ್ಲಿ ಬದಲಾದ ಭಾಗ ಮಾತ್ರ. ನೋಡುವವರಿಗೆ ತೊಂದರೆಯಿಲ್ಲ. ನಡುವೆ ಕತ್ತರಿ ಇಡುವವನಿಗೆ, ದೃಶ್ಯವನ್ನು ಹಿಂದಕ್ಕೆ ಓಡಿಸುವವನಿಗೆ ಫಜೀತಿ.

ಆಪಲ್ ಸಂಸ್ಥೆ 2007ರಲ್ಲಿ ತಂದ ಪ್ರೊರೆಸ್, ಆವಿಡ್‌ನ ಡಿಎನ್‌ಎಕ್ಸ್‌ಎಚ್‌ಡಿ ಇವೆಲ್ಲ ಎಡಿಟಿಂಗ್‌ಗೆಂದೇ ಹುಟ್ಟಿದವು. ಪ್ರತಿ ಫ್ರೇಮೂ ಸ್ವತಂತ್ರ. ಹಳೆಯ ಕಂಪ್ಯೂಟರೂ ಸಲೀಸಾಗಿ ಓಡಿಸುತ್ತದೆ. ತೆರಬೇಕಾದ ಬೆಲೆ ಜಾಗ. ಸೆಕೆಂಡಿಗೆ 25 ಫ್ರೇಮುಗಳ 1080 ದೃಶ್ಯ ಪ್ರೊರೆಸ್ 422ರಲ್ಲಿ ಹತ್ತು ನಿಮಿಷಕ್ಕೆ ಸುಮಾರು 9 ಜಿಬಿ ನುಂಗುತ್ತದೆ. ಪರಿವರ್ತಿಸಿದ ಮಾತ್ರಕ್ಕೆ ಚಿತ್ರದ ಗುಣಮಟ್ಟ ಏರುವುದೂ ಇಲ್ಲ.

ವಿದ್ಯಾರ್ಥಿಗಳಿಗೆ ಇದಕ್ಕಿಂತ ಹಗುರವಾದ ದಾರಿ 'ಪ್ರಾಕ್ಸಿ'. ಮೂಲ ಫೈಲನ್ನು ಹಾಗೆಯೇ ಇಟ್ಟುಕೊಂಡು, ಎಡಿಟಿಂಗ್‌ಗೆ ಮಾತ್ರ ಸಣ್ಣ ಗಾತ್ರದ ನಕಲು ಮಾಡಿಕೊಳ್ಳುವುದು. ಡಾವಿಂಚಿ ರಿಸಾಲ್ವ್‌ನ ಉಚಿತ ಆವೃತ್ತಿಯಲ್ಲೂ ಈ ಸೌಲಭ್ಯವಿದೆ. ಕತ್ತರಿ ಕೆಲಸವೆಲ್ಲ ನಕಲಿನ ಮೇಲೆ. ಕೊನೆಗೆ ಚಿತ್ರ ಹೊರತೆಗೆಯುವಾಗ ಮೂಲ ಫೈಲನ್ನೇ ಬಳಸಬೇಕು. ಆಗ ಎಚ್.264 ಆರಿಸಿದರೆ ಸಾಕು, ಇನ್ನು ಅದನ್ನು ನೋಡುವುದಷ್ಟೇ ಬಾಕಿ.

ಇನ್ನೊಂದು ಮಾತು. ಎಂಪಿ4, ಎಂಒವಿ ಎನ್ನುವುದು ಬರೀ ಚೀಲದ ಹೆಸರು. ಒಳಗಿರುವುದು ಅಕ್ಕಿಯೋ ರಾಗಿಯೋ ಎಂಬುದು ಅದರಿಂದ ತಿಳಿಯದು. ಬಾಲ ಬದಲಿಸಿ ಹೊಸ ಹೆಸರಿಟ್ಟರೆ ಫೈಲು ಚುರುಕಾಗುವುದಿಲ್ಲ. ಫೈಲಿನ ವಿವರದಲ್ಲಿ 'ಕೋಡೆಕ್' ಎಂಬ ಸಾಲನ್ನು ನೋಡಬೇಕು. ಪ್ರಾಕ್ಸಿಯಲ್ಲೂ ಚಿತ್ರ ತಡವರಿಸಿದರೆ ಆಗ ಮೆಮೊರಿ, ಡಿಸ್ಕುಗಳ ಕಡೆ ತಿರುಗಬಹುದು.