ಎವಿಂಗರ್‌ನಲ್ಲಿ ಸಿಕ್ಕ ಪ್ರಿಸಿಲ್ಲಾ

ಆಸ್ಟ್ರೇಲಿಯಾದ ನ್ಯೂ ಸೌತ್ ವೇಲ್ಸ್ ರಾಜ್ಯದಲ್ಲಿ ಎವಿಂಗರ್ ಎಂಬ ಸಣ್ಣ ಊರಿದೆ. ಅಲ್ಲಿನ ಜಮೀನೊಂದರಲ್ಲಿ 2006ರಿಂದ ಹಳೇ ಬಸ್ಸೊಂದು ತುಕ್ಕು ಹಿಡಿಯುತ್ತ ನಿಂತಿತ್ತು. ಜಪಾನಿನ ಹಿನೋ ಕಂಪನಿಯದು, 1976ರ ಮಾಡಲ್. ಅದು ಸಿನಿಮಾವೊಂದರಲ್ಲಿ ಓಡಿದ ಬಸ್ಸು ‘ಪ್ರಿಸಿಲ್ಲಾ’ ಎಂಬ ಸುದ್ದಿ ದಕ್ಷಿಣ ಆಸ್ಟ್ರೇಲಿಯಾದ ಇತಿಹಾಸ ಟ್ರಸ್ಟಿಗೆ ಮುಟ್ಟಿದ್ದು 2019ರಲ್ಲಿ. ಅದೇ ವರ್ಷ ಆ ಸೀಮೆಗೆ ಕಾಳ್ಗಿಚ್ಚು ಬಿತ್ತು, 2022ರಲ್ಲಿ ನೆರೆ ಬಂತು. ಬಸ್ಸು ಎರಡರಿಂದಲೂ ಪಾರಾಯಿತು.

ಒಂದು ಗುಜರಿ ಬಸ್ಸಿಗಾಗಿ ಅಷ್ಟು ಜನ ಯಾಕೆ ಹಂಬಲಿಸಿದರು ಎಂಬುದಕ್ಕೆ 1994ರ ‘ದಿ ಅಡ್ವೆಂಚರ್ಸ್ ಆಫ್ ಪ್ರಿಸಿಲ್ಲಾ, ಕ್ವೀನ್ ಆಫ್ ದ ಡೆಸರ್ಟ್’ ಸಿನಿಮಾ ನೋಡಬೇಕು. ಸಿಡ್ನಿಯಲ್ಲಿ ಲೈಂಗಿಕ ಅಲ್ಪಸಂಖ್ಯಾತರ ಮಾರ್ಡಿ ಗ್ರಾ ಮೆರವಣಿಗೆಯಲ್ಲಿ, ಹೆಣ್ಣುವೇಷ ತೊಟ್ಟು ರಂಜಿಸುವ ಡ್ರ್ಯಾಗ್ ಕಲಾವಿದರೊಬ್ಬರ ಗರಿಯ ಅಲಂಕಾರ ಕಳಚಿ ಬೀದಿಯುದ್ದಕ್ಕೂ ಉರುಳಿಕೊಂಡು ಹೋದದ್ದನ್ನು ನಿರ್ದೇಶಕ ಸ್ಟೀಫನ್ ಎಲಿಯಟ್ ಕಂಡರು. ಕೌಬಾಯ್ ಸಿನಿಮಾಗಳಲ್ಲಿ ಗಾಳಿಗೆ ಉರುಳುವ ಒಣಮುಳ್ಳಿನ ಪೊದೆ ಅವರಿಗೆ ನೆನಪಾಯಿತು. ಈ ವೇಷಗಳನ್ನು ಮರುಭೂಮಿಗೇ ಒಯ್ದರೆ? ಸಿನಿಮಾ ಹುಟ್ಟಿದ್ದು ಅಲ್ಲಿ.

ಕತೆಯಲ್ಲಿ ಇಬ್ಬರು ಡ್ರ್ಯಾಗ್ ಕ್ವೀನ್‌ಗಳು ಮತ್ತು ಬರ್ನಡೆಟ್ ಎಂಬ ಟ್ರಾನ್ಸ್ ಮಹಿಳೆ ಪ್ರಿಸಿಲ್ಲಾ ಎಂಬ ಬಸ್ಸಿನಲ್ಲಿ ಸಿಡ್ನಿಯಿಂದ ಮರುಭೂಮಿ ನಡುವಿನ ಆಲಿಸ್ ಸ್ಪ್ರಿಂಗ್ಸ್‌ಗೆ ಹೊರಡುತ್ತಾರೆ. ದಾರಿಯಲ್ಲಿ ಬ್ರೋಕನ್ ಹಿಲ್ ಊರಿನಲ್ಲಿ ರಾತ್ರಿ ಯಾರೋ ಬಸ್ಸಿನ ಮೈಮೇಲೆ ಏಡ್ಸ್ ರೋಗದ ಹೆಸರೆತ್ತಿ ಬೈಗುಳ ಗೀಚಿ ಹೋಗಿರುತ್ತಾರೆ. ಬೆಳಿಗ್ಗೆ ಅದನ್ನು ಕಂಡವರ ಮುಖದಲ್ಲಿ ನಗು ಆರಿಹೋಗುತ್ತದೆ. ಮುಂದೆ ಬಸ್ಸು ಮರಳುಗಾಡಿನ ನಡುವೆ ಕೆಟ್ಟು ನಿಲ್ಲುತ್ತದೆ. ಡ್ರ್ಯಾಗ್ ಕ್ವೀನ್‌ಗಳಲ್ಲೊಬ್ಬನಾದ ಆಡಮ್ ಅದಕ್ಕೆ ಲ್ಯಾವೆಂಡರ್ ಬಣ್ಣ ಬಳಿಯುತ್ತಾನೆ. ಬೈಗುಳ ಬಣ್ಣದಡಿಗೆ ಹೋಗುತ್ತದೆ. ಯಾವ ಊರೂ ಒಳಗೆ ಬಿಟ್ಟುಕೊಳ್ಳದ ಮೂವರಿಗೆ ಆ ಬಸ್ಸೇ ಮನೆ. ಅದರ ನೆತ್ತಿಯ ಮೇಲೆ ದೊಡ್ಡ ಬೆಳ್ಳಿಬಣ್ಣದ ಚಪ್ಪಲಿಯಲ್ಲಿ ಆಡಮ್ ಕೂತು, ಬೆಳ್ಳಿ ಸೆರಗು ಮಾರುದ್ದ ಹಾರುವ ದೃಶ್ಯವನ್ನು ಕಂಡವರು ಮರೆಯುವುದುಂಟೇ? ಉಡುಪು ವಿನ್ಯಾಸಕ್ಕೆ ಲಿಜ್ಜಿ ಗಾರ್ಡಿನರ್ ಮತ್ತು ಟಿಮ್ ಚಾಪೆಲ್ ಆಸ್ಕರ್ ಪಡೆದರು. ಹವಾಯಿ ಚಪ್ಪಲಿಗಳನ್ನು ಪೋಣಿಸಿದ ಫ್ರಾಕ್ ಅವರದೇ ಕೈಚಳಕ.

ಈ ಸಿನಿಮಾದಲ್ಲಿ ಕೊರತೆಯೂ ಇದೆ. ದಾರಿಯಲ್ಲಿ ಸಿಗುವವನೊಬ್ಬನ ಫಿಲಿಪ್ಪೀನ್ಸ್ ಮೂಲದ ಹೆಂಡತಿಯ ಪಾತ್ರವನ್ನು ತೋರಿಸಿದ ರೀತಿ ಅಂದೂ ತಪ್ಪು, ಇಂದೂ ತಪ್ಪು. ಆದರೂ ಇದು ಮೂವತ್ತು ವರ್ಷ ಬಾಳಿದ್ದಕ್ಕೆ ಕಾರಣ ಸ್ಪಷ್ಟ: ಇಲ್ಲಿ ಪ್ರೇಕ್ಷಕರು ಆ ಮೂವರನ್ನು ನೋಡಿ ನಗುವುದಿಲ್ಲ, ಅವರೊಡನೆ ಕೂತು ನಗುತ್ತಾರೆ. 2006ರಲ್ಲಿ ಸಂಗೀತ ನಾಟಕವಾಯಿತು, 2011ರಲ್ಲಿ ಬ್ರಾಡ್‌ವೇ ಮುಟ್ಟಿತು. ನಿಜವಾದ ಬಸ್ಸು ಮಾತ್ರ ಎಲ್ಲಿದೆಯೆಂದು ಅಭಿಮಾನಿಗಳಿಗೆ ತಿಳಿದಿರಲಿಲ್ಲ.

ಎವಿಂಗರ್‌ನ ಬಸ್ಸು ಅದೇ ಎಂದು ಟ್ರಸ್ಟು ಜಗತ್ತಿಗೆ ಸಾರಿದ್ದು ಸಿನಿಮಾಕ್ಕೆ ಮೂವತ್ತು ತುಂಬಿದ 2024ರಲ್ಲಿ. ರಿಪೇರಿ ಮಾಡಿ ಅಡಿಲೇಡ್ ಬಳಿಯ ಬರ್ಡ್‌ವುಡ್‌ನ ರಾಷ್ಟ್ರೀಯ ಮೋಟಾರು ಸಂಗ್ರಹಾಲಯದಲ್ಲಿ ಇಡುವ ಯೋಜನೆಗೆ ದಕ್ಷಿಣ ಆಸ್ಟ್ರೇಲಿಯಾ ಸರ್ಕಾರ ಏಳೂವರೆ ಲಕ್ಷ ಡಾಲರ್ ಘೋಷಿಸಿತು. ಸರಿಯಾದ ಕೆಲಸ. ಸಿನಿಮಾ ನೋಡಿರದಿದ್ದರೆ ದಯವಿಟ್ಟು ನೋಡಿ. ಕೂಬರ್ ಪೀಡಿ ಊರಿನಲ್ಲಿ ಪೆಟ್ಟು ತಿಂದ ಆಡಮ್‌ಗೆ ಬರ್ನಡೆಟ್ ಸಮಾಧಾನ ಹೇಳುವಾಗ ಆ ಪಾತ್ರ ಮಾಡಿದ ಟೆರೆನ್ಸ್ ಸ್ಟ್ಯಾಂಪ್ ಅವರ ಮುಖವನ್ನು ತಪ್ಪದೆ ಗಮನಿಸಿ.